ಎಲೆಕ್ಟ್ರಾನ್ ಆ್ಯಪ್‌ನಿಂದ ಬಿಲ್ ಪ್ರಿಂಟರ್‌ಗೆ: ಮೂರು ದಾರಿ ನೋಡಿದೆ, ಕೊಫಿ ಹಿಡಿದೆ

ಶಿವಮೊಗ್ಗದಲ್ಲಿ ಭಾವನ ಹಾರ್ಡ್‌ವೇರ್ ಅಂಗಡಿ ಇದೆ. ಅದಕ್ಕೆ ಎಲೆಕ್ಟ್ರಾನ್‌ನಲ್ಲಿ (ಜಾವಾಸ್ಕ್ರಿಪ್ಟ್‌ನಿಂದ ಕಂಪ್ಯೂಟರ್ ಆ್ಯಪ್ ಮಾಡುವ ಸಲಕರಣೆ) ಬಿಲ್ಲಿಂಗ್ ಆ್ಯಪ್ ಮಾಡಿಕೊಟ್ಟಿದ್ದೇನೆ. ಈಚೆಗೆ ಭಾವ ಹೊಸ 80 ಮಿ.ಮೀ. ಥರ್ಮಲ್ ಪ್ರಿಂಟರ್ ತಂದರು. ಕೆಲಸ ಇಷ್ಟೇ: ಬಿಲ್ ಬರಬೇಕು, ಕಾಗದ ಕತ್ತರಿಸಬೇಕು, ಗಲ್ಲಾದ ಡ್ರಾಯರ್ ತೆರೆಯಬೇಕು.

ಎಲೆಕ್ಟ್ರಾನ್‌ನದೇ ಪ್ರಿಂಟ್ ಸೌಲಭ್ಯದಲ್ಲಿ ಬಿಲ್ ಬರುತ್ತದೆ. ಆದರೆ ಚಿಲ್ಲರೆ ಕೊಡೋಕೆ ಬರೀ ಡ್ರಾಯರ್ ತೆರೆಯಬೇಕು ಅಂದರೆ ಅದರಿಂದ ಆಗುವುದಿಲ್ಲ. ಪ್ರಿಂಟರ್‌ಗೆ ನೇರವಾಗಿ ಬೈಟ್ ಕಳಿಸಬೇಕು. ಡ್ರಾಯರ್‌ಗೆ 27, 112, 0, 25, 250 ಅನ್ನುವ ಐದೇ ಬೈಟ್ ಸಾಕು. ಆ ಐದನ್ನು ದಾಟಿಸೋಕೆ ನಡುವೆ ಒಂದು ಡಿಎಲ್‌ಎಲ್, ಅಂದರೆ ಬೇರೆ ಪ್ರೋಗ್ರಾಂಗಳು ಕರೆದು ಬಳಸುವ ವಿಂಡೋಸ್ ಫೈಲ್, ಇಟ್ಟುಕೊಂಡೆ. ಜಾವಾಸ್ಕ್ರಿಪ್ಟ್‌ನಿಂದ ಅದನ್ನು ಕರೆಯೋಕೆ ಮೂರು ದಾರಿ ನೋಡಿದೆ: ಸಿ++ ಆಡ್‌ಆನ್, ಎಫ್‌ಎಫ್‌ಐ-ನ್ಯಾಪಿ ಲೈಬ್ರರಿ, ಕೊಫಿ ಲೈಬ್ರರಿ. ನನಗೆ ಒಗ್ಗಿದ್ದು ಕೊಫಿ.

ಮೊದಲು ಮಾಡಿದ್ದು ಸಿ++ ಆಡ್‌ಆನ್, ಅಂದರೆ ಸಿ++ನಲ್ಲಿ ನಾವೇ ಬರೆದು ಆ್ಯಪ್‌ಗೆ ಸೇರಿಸುವ ತುಣುಕು. ಪ್ರಿಂಟರ್ ಜೊತೆ ಬಂದ ಸಿಡಿಯಲ್ಲಿ ತಯಾರಕರ ಡಿಎಲ್‌ಎಲ್ ಇತ್ತು. ಅದನ್ನು ಕರೆಯುವ ಒಂದು ಸಣ್ಣ ‘.ನೋಡ್’ ಫೈಲ್ ಮಾಡಿಕೊಂಡೆ. ನೋಡ್-ಎಪಿಐ ಅನ್ನುವ ಸ್ಥಿರ ಇಂಟರ್‌ಫೇಸ್ ಬಳಸಿದ್ದರಿಂದ ಎಲೆಕ್ಟ್ರಾನ್ ಆವೃತ್ತಿ ಬದಲಾದಾಗಲೆಲ್ಲ ಮತ್ತೆ ಕಂಪೈಲ್ ಮಾಡುವ ಗೋಳು ಇರಲಿಲ್ಲ. ನನ್ನ ಲ್ಯಾಪ್‌ಟಾಪ್‌ನಲ್ಲಿ ಮೊದಲ ಸಲಕ್ಕೇ ಬಿಲ್ ಬಂತು. ಖುಷಿಯಾಗಿ ಇನ್‌ಸ್ಟಾಲರ್ ಕಳಿಸಿದೆ.

ಮಾರನೇ ದಿನ ಬೆಳಿಗ್ಗೆ ಭಾವನ ಫೋನು. "ಏನೋ ಇಂಗ್ಲಿಷಲ್ಲಿ ಬರ್ತಿದೆ ಕಣೋ, ಬಿಲ್ಲೇ ಬರ್ತಿಲ್ಲ. ಗಿರಾಕಿಗಳು ನಿಂತಿದ್ದಾರೆ."

ಪರದೆಯ ಫೋಟೋ ತರಿಸಿಕೊಂಡು ನೋಡಿದೆ. ಮಾಡ್ಯೂಲ್ ಸಿಗಲಿಲ್ಲ ಅನ್ನುವ ಎರರ್. ವಿಂಡೋಸ್‌ನಲ್ಲಿ ಇದರ ನಂಬರ್ 126. ಮುಂದೆ ನನ್ನ ‘.ನೋಡ್’ ಫೈಲಿನ ಪೂರ್ತಿ ವಿಳಾಸ. ಆ ಫೋಲ್ಡರ್ ತೆಗೆದು ನೋಡಿದರೆ ಫೈಲ್ ಅಲ್ಲೇ ಇದೆ! ಪಕ್ಕದಲ್ಲಿ ತಯಾರಕರ ಡಿಎಲ್‌ಎಲ್ ಕೂಡ ಇದೆ. ಇಲ್ಲಿ ತುಂಬಾ ಜನ ದಾರಿ ತಪ್ಪುತ್ತಾರೆ, ನಾನೂ ತಪ್ಪಿದೆ. ಎಲೆಕ್ಟ್ರಾನ್ ತನ್ನ ಫೈಲ್‌ಗಳನ್ನು ಕಟ್ಟಿಡುವ ‘ಅಸಾರ್’ ಗಂಟಿನೊಳಗೆ ಏನೋ ಉಳಿದಿರಬೇಕು ಅಂದುಕೊಂಡು ಒಂದು ದಿನ ಕಳೆದೆ. ಆಂಟಿವೈರಸ್ ಮೇಲೆ ಅನುಮಾನಪಟ್ಟು ಇನ್ನೊಂದು ಸಂಜೆ ಹೋಯಿತು.

ಅಸಲು ವಿಷಯ ಬೇರೆ. 126 ಬಂತು ಅಂದರೆ ಹೆಸರು ಹೇಳಿದ ಫೈಲೇ ಇಲ್ಲ ಅಂತ ಅಲ್ಲ. ಆ ಫೈಲ್ ನಂಬಿಕೊಂಡಿರುವ ಇನ್ನೊಂದು ಫೈಲ್ ಇಲ್ಲದಿದ್ದರೂ ಇದೇ ಎರರ್ ಬರುತ್ತದೆ. ಯಾವುದು ಇಲ್ಲ ಅಂತ ಮಾತ್ರ ಅದು ಹೇಳುವುದಿಲ್ಲ. ವಿಷುಯಲ್ ಸ್ಟುಡಿಯೋ ಜೊತೆ ಬರುವ ಡಂಪ್‌ಬಿನ್ ಓಡಿಸಿ ತಯಾರಕರ ಡಿಎಲ್‌ಎಲ್ ಯಾರನ್ನೆಲ್ಲ ಕೇಳುತ್ತದೆ ಅಂತ ನೋಡಿದೆ. ಪಟ್ಟಿಯಲ್ಲಿ ಎಂಎಸ್‌ವಿಸಿಪಿ120, ಎಂಎಸ್‌ವಿಸಿಆರ್120 ಇದ್ದವು. ಎರಡೂ ವಿಷುಯಲ್ ಸಿ++ 2013ರ ರನ್‌ಟೈಮ್ ಫೈಲ್‌ಗಳು, ಅಂದರೆ ಅದರಲ್ಲಿ ಮಾಡಿದ ಪ್ರೋಗ್ರಾಂ ಓಡೋಕೆ ಬೇಕಾದವು. ನನ್ನ ಲ್ಯಾಪ್‌ಟಾಪ್‌ಗೆ ಬೇರೆ ಯಾವುದೋ ಸಾಫ್ಟ್‌ವೇರ್ ಜೊತೆ ಎಂದೋ ಬಂದಿದ್ದವು. ಅಂಗಡಿಯ ಕಂಪ್ಯೂಟರ್‌ನಲ್ಲಿ ಇರಲಿಲ್ಲ. ಅಲ್ಲಿ ರನ್‌ಟೈಮ್ ಹಾಕಿದರೂ ಮತ್ತದೇ ಎರರ್. ಯಾಕೆ ಅಂದರೆ ನಾನು ಹಾಕಿದ್ದು 32 ಬಿಟ್‌ನದ್ದು, ಆ್ಯಪ್ 64 ಬಿಟ್‌ನದ್ದು. ಸರಿಯಾದದ್ದು ಹಾಕಿದ ಮೇಲೆ ಬಿಲ್ ಬಂತು. ಅಷ್ಟರಲ್ಲಿ ಭಾವ ಮೂರು ದಿನ ಕೈಯಲ್ಲೇ ಬಿಲ್ ಬರೆದಿದ್ದರು.

ಹೀಗೆ ಪ್ರತಿ ಕಂಪ್ಯೂಟರ್‌ಗೂ ಹೋಗಿ ರನ್‌ಟೈಮ್ ಹಾಕೋಕೆ ಆಗುತ್ತಾ? ಇನ್‌ಸ್ಟಾಲರ್ ಒಳಗೇ ಸೇರಿಸಬಹುದು ನಿಜ. ಆದರೆ ನನಗೆ ಆ ಡಿಎಲ್‌ಎಲ್ಲೇ ಬೇಡ ಅನ್ನಿಸಿತು.

ಎಫ್‌ಎಫ್‌ಐ-ನ್ಯಾಪಿ ಬಗ್ಗೆ ಜಾಸ್ತಿ ಹೇಳುವುದಿಲ್ಲ. ಹಳೇ ಉದಾಹರಣೆಗಳೆಲ್ಲ ಇದರಲ್ಲೇ ಇವೆ. 2022ರಲ್ಲಿ ಬಂದ ಎಲೆಕ್ಟ್ರಾನ್ 21ರಿಂದ ಅದರೊಳಗೆ ಜಾವಾಸ್ಕ್ರಿಪ್ಟ್ ಓಡಿಸುವ ಎಂಜಿನ್ ವಿ8 ತನ್ನ ಮೆಮೊರಿಗೆ ಬೇಲಿ ಹಾಕಿಕೊಂಡಿದೆ. ಹೊರಗಿನ ಮೆಮೊರಿಯನ್ನು ಬಫರ್ ಅಂತ ತೋರಿಸಿದರೆ ಒಪ್ಪುವುದಿಲ್ಲ. ಎಫ್‌ಎಫ್‌ಐ-ನ್ಯಾಪಿಯ ಕೆಲಸ ನಡೆಯುತ್ತಿದ್ದದ್ದೇ ಹಾಗೆ. ಹಳೇ ಎಲೆಕ್ಟ್ರಾನ್‌ನಲ್ಲೇ ಉಳಿಯುವವರು ಮಾತ್ರ ನೋಡಿ.

ಇನ್ನು ಕೊಫಿ. ಇದು ಕಂಪೈಲ್ ಆಗಿಯೇ ಬರುತ್ತದೆ. ಆಡ್‌ಆನ್ ಕಂಪೈಲ್ ಮಾಡೋಕೆ ಬೇಕಿದ್ದ ಪೈಥಾನ್ ಬೇಡ, ಹಲವು ಜಿಬಿಯ ಬಿಲ್ಡ್ ಟೂಲ್ಸ್ ಬೇಡ. ಸಿ ಭಾಷೆಯಲ್ಲಿ ಫಂಕ್ಷನ್ ಸಾಲು ಹೇಗಿದೆಯೋ ಹಾಗೇ ಬರೆದರೆ ಜಾವಾಸ್ಕ್ರಿಪ್ಟ್‌ನಿಂದ ಕರೆಯಬಹುದು. ನಾನು ತಯಾರಕರ ಡಿಎಲ್‌ಎಲ್ ಬಿಟ್ಟು ವಿಂಡೋಸ್‌ನಲ್ಲೇ ಇರುವ ವಿನ್‌ಸ್ಪೂಲ್.ಡಿಆರ್‌ವಿ ಹಿಡಿದೆ. ಹೆಸರಿನ ಕೊನೆ ಬೇರೆ ಇದ್ದರೂ ಅದೂ ಡಿಎಲ್‌ಎಲ್ಲೇ. ಓಪನ್‌ಪ್ರಿಂಟರ್‌ನಿಂದ ಪ್ರಿಂಟರ್ ತೆರೆ, ‘ರಾ’ (ಬೈಟ್ ಇದ್ದ ಹಾಗೇ ಕಳಿಸು) ಅಂತ ಹೇಳಿ ಡಾಕ್ಯುಮೆಂಟ್ ಶುರು ಮಾಡು, ರೈಟ್‌ಪ್ರಿಂಟರ್‌ನಿಂದ ಬೈಟ್ ಕಳಿಸು, ಎಲ್ಲ ಮುಚ್ಚು. ಅಷ್ಟೂ ಸೇರಿ ಅರವತ್ತು ಸಾಲು ದಾಟಲಿಲ್ಲ.

ಒಂದು ಕಡೆ ಮಾತ್ರ ಸಿಕ್ಕಿಬಿದ್ದೆ. ಪ್ರಿಂಟರ್ ಹೆಸರು ಸರಿ ಇದ್ದರೂ 1801, ಅಂದರೆ ಹೆಸರು ತಪ್ಪು ಅನ್ನುವ ಎರರ್. ಕೊನೆಯಲ್ಲಿ ‘ಡಬ್ಲ್ಯೂ’ ಇರುವ ಫಂಕ್ಷನ್‌ಗೆ 16 ಬಿಟ್ ಅಕ್ಷರದ ಸ್ಟ್ರಿಂಗ್ ಕೊಡಬೇಕು. ‘ಎಸ್‌ಟಿಆರ್’ ಅಂತ ಇದ್ದದ್ದನ್ನು ‘ಎಸ್‌ಟಿಆರ್16’ ಮಾಡಿದೆ, ಸರಿಹೋಯಿತು. ಇನ್ನೊಂದು ಎಚ್ಚರಿಕೆ: ಪಾಯಿಂಟರ್ (ಮೆಮೊರಿ ವಿಳಾಸ) ತಪ್ಪಿದರೆ ಜಾವಾಸ್ಕ್ರಿಪ್ಟ್‌ನ ಎರರ್ ಬರುವುದಿಲ್ಲ, ಆ್ಯಪ್ಪೇ ಮುಚ್ಚಿಹೋಗುತ್ತದೆ. ಆದ್ದರಿಂದ ಪ್ರಿಂಟ್ ಮಾಡುವ ಮೊದಲೇ ಬಿಲ್ ಸೇವ್ ಆಗುವ ಹಾಗೆ ಮಾಡಿಕೊಂಡಿದ್ದೇನೆ.

ಕನ್ನಡ ಅಕ್ಷರದ ವಿಷಯದಲ್ಲಿ ದಾರಿ ಯಾವುದಾದರೂ ಒಂದೇ. ನಮ್ಮ ಪ್ರಿಂಟರ್‌ನೊಳಗೆ ಕನ್ನಡ ಫಾಂಟ್ ಇಲ್ಲ. ಬಿಲ್ಲನ್ನು ಕ್ಯಾನ್ವಾಸ್ ಮೇಲೆ ಬರೆದು 576 ಚುಕ್ಕಿ ಅಗಲದ ಚಿತ್ರವಾಗಿ ಕಳಿಸುತ್ತೇನೆ. ಒಂದು ಸಾಲಿಗೆ 72 ಬೈಟ್. "ಮೊಳೆ 2 ಇಂಚು" ಅನ್ನುವುದು ಅಕ್ಷರ ಒಡೆಯದೆ ಚೆನ್ನಾಗಿ ಬರುತ್ತದೆ.

ಸೆಕೆಂಡಿಗೆ ಸಾವಿರಾರು ಸಲ ಕರೆಯುವ ಕೆಲಸ ಇದ್ದರೆ ಸಿ++ ಆಡ್‌ಆನೇ ಸರಿ, ಕೊಫಿಯಲ್ಲಿ ಪ್ರತಿ ಕರೆಗೂ ಸ್ವಲ್ಪ ಹೊರೆ ಜಾಸ್ತಿ. ನಾನು ಆಫೀಸ್ ಮುಗಿಸಿ ರಾತ್ರಿ ಒಬ್ಬನೇ ಕೂತು ಮಾಡುವವನು. ಲ್ಯಾಪ್‌ಟಾಪ್‌ನಲ್ಲಿ 8 ಜಿಬಿ ರ‍್ಯಾಮ್, 256 ಜಿಬಿ ಡಿಸ್ಕ್. ಬಿಲ್‌ಗೆ ಒಂದು ಸಲ ಕರೆಯೋಕೆ ಸುಮ್ನೆ ಅಷ್ಟು ದೊಡ್ಡ ಟೂಲ್ಸ್ ಯಾಕೆ ಇಟ್ಟುಕೊಳ್ಳಬೇಕು, ಅಲ್ವಾ?

ಹೋದ ವಾರ ಅಂಗಡಿಯ ಎರಡನೇ ಕೌಂಟರ್‌ಗೆ ಹೊಸ ಕಂಪ್ಯೂಟರ್ ಬಂತು. ಪ್ರಿಂಟರ್ ಡ್ರೈವರ್, ನಮ್ಮ ಆ್ಯಪ್ ಬಿಟ್ಟು ಬೇರೇನೂ ಹಾಕಲಿಲ್ಲ. ಭಾವ ಬಟನ್ ಒತ್ತಿದರು. ಬಿಲ್ ಬಂತು, ಡ್ರಾಯರ್ ತೆರೆಯಿತು.