ದೊಡ್ಡ ಸುರಹೊನ್ನೆ ಮರ ತಂದು ನೆಟ್ಟುಕೊಡ್ತೇವೆ ಅನ್ನುವವರನ್ನ ನಂಬಬೇಡಿ

ಕರಾವಳಿಲಿ ಮನೆ ಕಟ್ಟಿ ಗಾರ್ಡನ್ ಮಾಡ್ಲಿಕ್ಕೆ ಹೊರಟವರು ದಯವಿಟ್ಟು ಇದನ್ನ ಪೂರ್ತಿ ಓದಿ. "ಹೂ ಬಿಡುವ ಸುರಹೊನ್ನೆ ಮರ, ಬುಡ ಸಮೇತ ತಂದು ನೆಟ್ಟುಕೊಡ್ತೇವೆ" ಅಂತ ಯಾರಾದ್ರೂ ಬಂದ್ರೆ ಆ ಬುಡ ಬಿಚ್ಚಿ ತೋರಿಸುವವರೆಗೆ ಒಂದು ರೂಪಾಯಿ ಕೊಡ್ಬೇಡಿ. ನಮ್ಮ 18,000 ಹೋಯ್ತು. ದುಡ್ಡು ಹೋದದ್ದಕ್ಕಿಂತ ಆ ಮನುಷ್ಯ ಕೊಟ್ಟ ಉತ್ತರಕ್ಕೆ ಹೊಟ್ಟೆ ಉರೀತದೆ.

ನಮ್ಮ ಮನೆ ಕಾಪು ಕಡೆ, ಸಮುದ್ರಕ್ಕೆ ಹತ್ರ. ಪಶ್ಚಿಮದ ಕಾಂಪೌಂಡ್ ಬದಿಗೆ ಎಂತ ನೆಟ್ರೂ ಉಪ್ಪು ಗಾಳಿಗೆ ಕರಟಿ ಹೋಗ್ತದೆ. ಸುರಹೊನ್ನೆ ನೆಡುವ ಅಂದದ್ದು ಮಾವ. ಅವರ ಸಣ್ಣ ಪ್ರಾಯದಲ್ಲಿ ಅದರ ಕಾಯಿಯ ಎಣ್ಣೆಯಲ್ಲೇ ಮನೆಯ ದೀಪ ಉರೀತಿದ್ದದ್ದಂತೆ. ವರ್ಷಪೂರ್ತಿ ಹಸಿರು, ಬಿಳಿ ಎಸಳು, ನಡುವೆ ಹಳದಿ ಕೇಸರ, ಪರಿಮಳ ಅಂಗಳ ತುಂಬ. ಆದ್ರೆ ಬೆಳವಣಿಗೆ ನಿಧಾನ, ಬೀಜದಿಂದ ಆದ್ರೆ ಹೂ ಕಾಣ್ಲಿಕ್ಕೆ 7-8 ವರ್ಷ, ಮಾವನಿಗೆ ಈಗ್ಲೇ ಎಂಬತ್ತು ದಾಟಿದೆ, ಅವರು ಹೂ ನೋಡ್ಬೇಕಲ್ಲ ಅಂತ ದೊಡ್ಡ ಮರವನ್ನೇ ಹುಡುಕಿದ್ದು.

ಹೈವೇ ಬದಿಯ ನರ್ಸರಿಯವ ವಾಟ್ಸಾಪಲ್ಲಿ ಮೈತುಂಬ ಹೂ ಇದ್ದ ಮರದ ಫೋಟೋ ಕಳಿಸಿದ. "ಅಕ್ಕಾ, ನಮ್ಮದೇ ಜಾಗದಲ್ಲಿ ಬೆಳೆಸಿದ್ದು, ಆರು ತಿಂಗಳ ಹಿಂದೆಯೇ ಬೇರು ಕಟ್ ಮಾಡಿ ರೆಡಿ ಇಟ್ಟದ್ದು, ಗ್ಯಾರಂಟಿ ಉಂಟು." ಗ್ಯಾರಂಟಿ ಗ್ಯಾರಂಟಿ ಅಂತ ಅವನೇ ಹೇಳಿದ್ದು, ನಾವು ಕೇಳಿದ್ದಲ್ಲ. ಬಿಲ್ ಕೇಳಿದ್ದಕ್ಕೆ "ಮರಕ್ಕೆಲ್ಲ ಎಂತ ಬಿಲ್ ಅಕ್ಕಾ" ಅಂದ.

ಮರ ಬಂದದ್ದು ಕತ್ತಲಾಗುವ ಹೊತ್ತಿಗೆ, ಪಿಕಪ್‌ನಲ್ಲಿ. ಗೆಲ್ಲೆಲ್ಲ ಸವರಿ ತುದಿಯಲ್ಲಿ ನಾಲ್ಕು ಎಲೆ ಬಿಟ್ಟಿದ್ರು, ಬುಡಕ್ಕೆ ಗೋಣಿ ಸುತ್ತಿ ಹುರಿಹಗ್ಗದಲ್ಲಿ ಬಿಗಿದಿದ್ರು. ಬಿಚ್ಚಿ ಅಂತ ನಮ್ಮನೆಯವರು ಹೇಳಿದ್ರು. "ಬಿಚ್ಚಿದ್ರೆ ಮಣ್ಣು ಉದುರ್ತದೆ ಸರ್, ಗೋಣಿ ಅಲ್ಲೇ ಕೊಳೀತದೆ." ನೆಟ್ರು, ಬಾಕಿ ದುಡ್ಡು ತಕ್ಕೊಂಡು ಹೋದ್ರು.

ಎಲೆ ಒಣಗ್ತಾ ಬಂತು. ಫೋನ್ ಮಾಡಿದ್ರೆ "ಶಾಕ್ ಅಕ್ಕಾ, ಚಿಗುರ್ತದೆ". ಜೂನ್‌ನ ಮೊದಲ ಗಾಳಿಮಳೆಗೆ ಮರ ವಾಲಿತು, ನೆಟ್ಟಗೆ ಮಾಡುವ ಅಂತ ನಮ್ಮನೆಯವರು ಪಕ್ಕದ ಮನೆ ಹುಡುಗ ಸೇರಿ ಹಿಡಿದದ್ದೇ ತಡ, ಗೂಟ ಕಿತ್ತ ಹಾಗೆ ಇಡೀ ಮರ ಕೈಗೆ ಬಂತು. ಗೋಣಿ ಕೊಯ್ದು ನೋಡಿದ್ರೆ ಒಳಗೆ ಪ್ಲಾಸ್ಟಿಕ್, ಅದರೊಳಗೆ ಒತ್ತಿ ತುಂಬಿದ ಕೆಂಪು ಮಣ್ಣು, ನಡುವೆ ಮಣಿಕಟ್ಟಿನಷ್ಟು ದಪ್ಪದ ಬೇರುಗಳನ್ನ ಸಪಾಟಾಗಿ ಕತ್ತರಿಸಿದ ಮೋಟು. ಒಂದು ಸಣ್ಣ ಬೇರಿಲ್ಲ. ಒಂದೇ ಒಂದು ಇಲ್ಲ! ಇಷ್ಟು ದಿನ ನಾವು ನೀರು ಹಾಕಿದ್ದು ಸತ್ತ ಮರಕ್ಕೆ. ಮನೆ ಒಕ್ಕಲಿಗೆ (ಗೃಹಪ್ರವೇಶಕ್ಕೆ) ಬಂದವರಿಗೆಲ್ಲ ಮಾವ ಆ ಮರ ತೋರಿಸಿ ಹೇಳ್ತಿದ್ರು, ಅವರ ಎದುರು ಮುಖ ಎತ್ಲಿಕ್ಕೆ ಆಗ್ಲಿಲ್ಲ ನನಗೆ.

ಬೇರಿನ ಫೋಟೋ ಕಳಿಸಿದೆ. ದುಡ್ಡು ಕೊಡುವವರೆಗೆ ಅಕ್ಕಾ ಅಂತಿದ್ದವ ಈಗ ಮೇಡಂ ಅಂತ ಶುರು ಮಾಡಿದ. "ಮೇಡಂ, ನಿಮ್ಮ ಜಾಗದ ಪ್ರಾಬ್ಲಮ್, ಸಮುದ್ರದ ಉಪ್ಪು ಗಾಳಿ ಈ ಮರಕ್ಕೆ ಆಗುದಿಲ್ಲ."

ಉಪ್ಪು ಗಾಳಿ ಆಗುದಿಲ್ಲವಂತೆ, ಸುರಹೊನ್ನೆಗೆ! ಕಡಲ ತಡಿಯ ಹೊಯ್ಗೆಯಲ್ಲೇ ಹುಟ್ಟಿ ಬೆಳೆಯುವ ಮರ ಅದು ಮಾರಾಯ್ರೆ, ಅದರ ಕಾಯಿ ಸಮುದ್ರದಲ್ಲಿ ತೇಲಿ ಹೋಗಿ ಬೇರೆ ದಡದಲ್ಲಿ ಮೊಳೀತದೆ, ಪೂರ್ವ ಆಫ್ರಿಕಾದಿಂದ ಪೆಸಿಫಿಕ್ ದ್ವೀಪಗಳವರೆಗೆ ಅದು ಕಡಲಿಗೆ ಮುಖ ಮಾಡಿಯೇ ನಿಂತಿರುವುದು. ಮರ ಮಾರುವವ ನನಗೆ ಈ ಮಾತು ಹೇಳ್ತಾನೆ. ಬೆಳಿಗ್ಗೆ "ನೀರು ಜಾಸ್ತಿ ಆಯ್ತು", ಸಂಜೆ "ನೀರು ಸಾಲಲಿಲ್ಲ". ಕೊನೆಗೊಂದು ವಾಯ್ಸ್ ಮೆಸೇಜ್, "ಜೀವ ಇರುವುದಕ್ಕೆಲ್ಲ ಗ್ಯಾರಂಟಿ ಎಲ್ಲಿ ಉಂಟು ಮೇಡಂ". ಮತ್ತೆ ಬ್ಲಾಕ್.

ಆಮೇಲೆ ಪಿಕಪ್ ಡ್ರೈವರ್ ಸಿಕ್ಕಿದಾಗ ಗೊತ್ತಾಯ್ತು, ಅದು ನರ್ಸರಿದೇ ಅಲ್ಲ, ಹಿಂದಿನ ದಿನ ಎಲ್ಲಿಂದಲೋ ಜೆಸಿಬಿಲಿ ಕಿತ್ತು ತಂದದ್ದು. ಎಷ್ಟೋ ವರ್ಷದ ಮರ, ಚೆನ್ನಾಗಿ ಬದುಕಿದ್ದದ್ದನ್ನ ಕೊಂದು ನಮಗೆ ಮಾರಿದ. ಮರ ಬುಡ ಸಮೇತ ಕೀಳ್ಲಿಕ್ಕೂ ಅನುಮತಿ ಬೇಕು, 1976ರ ಕರ್ನಾಟಕ ವೃಕ್ಷ ಸಂರಕ್ಷಣಾ ಕಾಯ್ದೆಯಲ್ಲೇ ಉಂಟು. ಆ ಕಾಗದ ತೋರಿಸು ಅಂತ ಮೊದಲೇ ಕೇಳಿ, ಇಂಥವರ ಬಾಯಿ ಅಲ್ಲೇ ಬಂದ್ ಆಗ್ತದೆ.

ನಿಜವಾಗಿ ತಯಾರು ಮಾಡಿದ ಮರ ಆದ್ರೆ ಸುತ್ತ ಹೊಂಡ ತೆಗೆದು ಬೇರು ಕತ್ತರಿಸಿ, ಹೊಸ ಬೇರು ಬರ್ಲಿಕ್ಕೆ ಅಂತ ತಿಂಗಳುಗಟ್ಟಲೆ ಅಲ್ಲೇ ಬಿಟ್ಟಿರ್ತಾರೆ, ಮಣ್ಣಿನ ಮುದ್ದೆಯ ಅಂಚಿನಲ್ಲಿ ಹೊಸ ಸಣ್ಣ ಬೇರು ಕಾಣ್ಲೇಬೇಕು, ಮುದ್ದೆ ಕಾಂಡದ ದಪ್ಪದ ಸುಮಾರು ಹತ್ತು ಪಟ್ಟು ಅಗಲ ಇರ್ಬೇಕು. ಹಗಲಿಗೇ ತರ್ಲಿಕ್ಕೆ ಹೇಳಿ, ನಿಮ್ಮ ಕಣ್ಣೆದುರು ಬಿಚ್ಚಿಸಿ, ಬಿಲ್ ಬರೆಸಿ. ಇಲ್ಲದಿದ್ರೆ ಸಸಿಯೇ ನೆಡಿ, ಗಟ್ಟಿ ಸಿಪ್ಪೆ ಒಡೆದು ಬೀಜ ಹಾಕಿದ್ರೆ ಬೇಗ ಮೊಳೀತದೆ. ನಾವು ಈಗ ಅದನ್ನೇ ಮಾಡಿದ್ದೇವೆ, ಮಾವನೇ ಬೀಜ ಹೆಕ್ಕಿ ತಂದದ್ದು.

ಯುಪಿಐ ಸ್ಕ್ರೀನ್‌ಶಾಟ್, ಅವನ ಮೆಸೇಜ್, ವಾಯ್ಸ್ ಎಲ್ಲ ನನ್ನ ಹತ್ರ ಉಂಟು, ಜಿಲ್ಲಾ ಗ್ರಾಹಕರ ಆಯೋಗಕ್ಕೆ ಹೋಗುವವಳೇ ನಾನು. ಉಡುಪಿ, ಕುಂದಾಪುರ, ಮಂಗಳೂರು ಕಡೆ ಇದೇ ಥರ ಗೋಣಿ ಕಟ್ಟಿದ ಮರ ತಕ್ಕೊಂಡು ಮೋಸ ಹೋದವರು ಇದ್ರೆ ತಿಳಿಸಿ, ಒಟ್ಟಿಗೆ ದೂರು ಕೊಡುವ.