ಇಳಿಹೊತ್ತಮ್ಮನಿಗೆ 400 ಪುಟಗಳಲ್ಲಿ ಜಾಗ ಎಲ್ಲಿ?

ಕರಡು ತಿದ್ದುವುದು ನನ್ನ ಕಸುಬು. ಏನನ್ನೇ ಓದಿದರೂ ಹಿಂಬದಿಯಿಂದ ಶುರು ಮಾಡುವ ಚಟ ಅದರಿಂದಲೇ ಹತ್ತಿದ್ದು. ಬರೆದವರು ದಣಿದಿರುವುದು ಕೊನೆಯ ಪುಟಗಳಲ್ಲಿ, ತಪ್ಪುಗಳು ಸಿಗುವುದೂ ಅಲ್ಲೇ. ಹಾಗಾಗಿ ‘ಸಿಸ್ಟಮ್ ರೆಫರೆನ್ಸ್ ಡಾಕ್ಯುಮೆಂಟ್ 5.1’ ಎಂಬ ಈ ದಪ್ಪ ಪಿಡಿಎಫ್‌ನೊಳಗೆ ನಾನು ಕಾಲಿಟ್ಟಿದ್ದು ಹಿತ್ತಲ ಬಾಗಿಲಿನಿಂದ, ಅಂದರೆ ಅನುಬಂಧದ ದೇವರ ಪಟ್ಟಿಯಿಂದ. ಇದು ದಾಳ ಉರುಳಿಸುತ್ತ ಪಾತ್ರಗಳಾಗಿ ಕಥೆ ಕಟ್ಟುವ ಡಂಜನ್ಸ್ ಅಂಡ್ ಡ್ರಾಗನ್ಸ್ ಆಟದ ಐದನೆಯ ಆವೃತ್ತಿಯ ಮೂಲ ನಿಯಮಗಳ ಸಂಗ್ರಹ. ಸುಮಾರು 400 ಪುಟ, ಚಿತ್ರಗಳಿಲ್ಲ, ಕಾಸು ಕೊಡಬೇಕಾಗಿಲ್ಲ. 2023ರ ಜನವರಿಯಿಂದ ಕ್ರಿಯೇಟಿವ್ ಕಾಮನ್ಸ್ ಪರವಾನಗಿಯಲ್ಲಿದೆ. ಮೂಲವನ್ನು ಹೆಸರಿಸಿದರೆ ಸಾಕು, ಇದರ ಮೇಲೆ ನಮ್ಮದೇ ಆಟ ಕಟ್ಟಿ ಮಾರಲೂಬಹುದು.

ನನಗೆ ಬೇಕಾಗಿದ್ದು ಒಬ್ಬ ದೇವತೆ. ನಾಲ್ಕು ಮಂದಿ ಆಟಗಾರರಿಗೆ ನಾನು ಕಥೆ ನಡೆಸುತ್ತೇನೆ. ಅವರಲ್ಲೊಬ್ಬಳು, ‘ಯುದ್ಧದ ದೇವರು ಸಾಕಾಯಿತು, ನನ್ನ ಪೂಜಾರಿಣಿಗೆ ಬೇರೆ ಯಾರನ್ನಾದರೂ ಕೊಡಿ’ ಎಂದಳು. ಆ ರಾತ್ರಿ ಇಳಿಹೊತ್ತಮ್ಮ ಹುಟ್ಟಿದಳು: ನೆಮ್ಮದಿಯ ಕೊನೆಗಳ ತಾಯಿ. ಅವಳ ಚಿಹ್ನೆ ಗಂಟು ಬಿಚ್ಚಿದ ಹಗ್ಗ. ಅವಳ ಪೂಜಾರಿಗಳು ಸಾಯುತ್ತಿರುವವರ ಪಕ್ಕದಲ್ಲಿ ಕೂರುತ್ತಾರೆ. ಉಪದೇಶ ಮಾಡುವುದಿಲ್ಲ, ಸೊಂಟದ ದಾರದ ಗಂಟುಗಳನ್ನು ಒಂದೊಂದಾಗಿ ಬಿಚ್ಚುತ್ತಾರೆ, ಅಷ್ಟೇ. ಇಂಥವಳಿಗೆ ಈ ನಿಯಮಗಳಲ್ಲಿ ಜಾಗವಿದೆಯೇ ಎಂಬುದು ನನ್ನ ಪರೀಕ್ಷೆಯಾಗಿತ್ತು.

ದೇವರ ಪಟ್ಟಿ ನಿರಾಸೆಯನ್ನೇ ತಂದಿತು. ಸೆಲ್ಟಿಕ್, ಗ್ರೀಕ್, ಈಜಿಪ್ಟ್, ನಾರ್ಸ್ ಎಂದು ನಾಲ್ಕು ಕೋಷ್ಟಕಗಳಿವೆ. ಪ್ರತಿ ದೇವರ ಮುಂದೆ ವಿಭಾಗದ ಹೆಸರಿದೆ, ಪೂಜಾರಿಗೆ ಯಾವ ಶಕ್ತಿಗಳು ಸಿಗುತ್ತವೆ ಎಂಬುದು ಅದರ ಮೇಲೆ ನಿಂತಿದೆ. ಸಾವಿನ ವಿಭಾಗಕ್ಕೆ ಸೇರಿದ ಗ್ರೀಕರ ಹೇಡಿಸ್, ನಾರ್ಸ್ ಪಟ್ಟಿಯ ಹೆಲ್, ಸೆಲ್ಟಿಕ್ ಪಟ್ಟಿಯ ಆರಾನ್ ಮೂವರಿಗೂ ದುಷ್ಟರೆಂಬ ಮುದ್ರೆ. ಹೆಲ್‌ಳ ಚಿಹ್ನೆಯಂತೂ ಒಂದು ಬದಿ ಕೊಳೆತ ಹೆಣ್ಣಿನ ಮುಖ. ಸಾವು ಮತ್ತು ಶೋಕಗಳೆರಡನ್ನೂ ಹೊತ್ತ ಈಜಿಪ್ಟಿನ ನೆಫ್ತಿಸ್ ಒಬ್ಬಳು ಸ್ವಲ್ಪ ಹತ್ತಿರದವಳು. ಗ್ರೀಕರ ಸಾವಿನ ದೇವರು ಥಾನಟಾಸ್ ಪಟ್ಟಿಯಲ್ಲೇ ಇಲ್ಲ! ನಿದ್ರೆಯ ಅವಳಿ ಸೋದರ ಅವನು. ಟ್ರಾಯ್ ಯುದ್ಧದಲ್ಲಿ ಬಿದ್ದ ವೀರ ಸಾರ್ಪೆಡಾನ್‌ನ ದೇಹವನ್ನು ಅವನ ನಾಡಿಗೆ ಹೊತ್ತೊಯ್ಯುವವರು ಈ ಸೋದರರೇ. ಅಂಥವನನ್ನು ಬಿಟ್ಟು ಪಟ್ಟಿ ಮಾಡುವುದೆಂದರೆ! ಇನ್ನೊಂದು ಕೊರತೆ: ಸಾವಿನ ವಿಭಾಗದ ಹೆಸರು ಕೋಷ್ಟಕದಲ್ಲಿದೆ, ವಿವರ ಎಲ್ಲಿಯೂ ಇಲ್ಲ. ಪೂಜಾರಿಗಳಿಗೆ ವಿವರಿಸಿ ಕೊಟ್ಟಿರುವುದು ಜೀವದ ವಿಭಾಗ ಒಂದನ್ನೇ. ಬೇರೆ ದಾರಿಯಿಲ್ಲದೆ ಇಳಿಹೊತ್ತಮ್ಮನನ್ನು ಅಲ್ಲಿಗೇ ಸೇರಿಸಿದೆ.

ಮೊದಲ ಎಡವಟ್ಟು ಆದದ್ದು ಮುದುಕ ಅಂಬಿಗನೊಬ್ಬನ ವಿಷಯದಲ್ಲಿ. ಬಾಣ ತಗುಲಿ ಅವನ ಪ್ರಾಣಾಂಕ, ಅಂದರೆ ಉಳಿದ ಜೀವಬಲದ ಎಣಿಕೆ, ಸೊನ್ನೆಗಿಳಿಯಿತು. ಪೂಜಾರಿಣಿ ಕೈ ಚಾಚಿ ‘ಸ್ಪೇರ್ ದ ಡೈಯಿಂಗ್’ ಮಂತ್ರ ಹೇಳಿದಳು. ಮುಟ್ಟಿದರೆ ಸಾಕು, ಸಾಯುತ್ತಿದ್ದವನು ಸ್ಥಿರವಾಗುತ್ತಾನೆ. ಆಮೇಲೆ ಒಂದರಿಂದ ನಾಲ್ಕು ಗಂಟೆಯೊಳಗೆ ಒಂದು ಅಂಕದೊಂದಿಗೆ ಎಚ್ಚರಗೊಳ್ಳುತ್ತಾನೆ. ನಾಲ್ಕು ಗಂಟೆಯೇ ಬಿತ್ತು. ಎದ್ದ ಮುದುಕನ ಬಾಯಲ್ಲಿ ನಾನು ಆಡಿಸಿದ್ದು ಒಂದೇ ಮಾತು: ‘ಯಾಕಮ್ಮ ಎಬ್ಬಿಸಿದೆ?’ ಮೇಜಿನ ಸುತ್ತ ಸದ್ದಿಲ್ಲ. ಕೊನೆಯ ತಾಯಿಯ ಪೂಜಾರಿಣಿಯೇ ಕೊನೆಯನ್ನು ತಡೆದಿದ್ದಳು. ತಪ್ಪು ಅವಳದ್ದಲ್ಲ, ಇಡೀ ನಿಯಮಾವಳಿ ಬಾಗಿರುವುದೇ ಆ ಕಡೆಗೆ. ಸಾವು ಇಲ್ಲಿ ಮುಂದೂಡಬೇಕಾದ ಲೆಕ್ಕ.

ಎರಡು ಸುತ್ತಿನ ನಂತರ ಮುದುಕ ಜ್ವರದಲ್ಲಿ ಮಲಗಿ, ಯಾರೂ ಅಡ್ಡ ಬರಬೇಡಿ ಎಂದ. ಸಾವಿನ ದಾಳದ ನಿಯಮವನ್ನೇ ಪೂಜೆಯಾಗಿಸಿದೆವು. ಇಪ್ಪತ್ತು ಮುಖದ ದಾಳದಲ್ಲಿ ಹತ್ತು ಅಥವಾ ಮೇಲೆ ಬಿದ್ದರೆ ಗೆಲುವು, ಕೆಳಗೆ ಬಿದ್ದರೆ ಸೋಲು, ಮೂರು ಸೋಲಿಗೆ ಸಾವು. ನಾವು ಸೋಲು ಎಂಬ ಪದವನ್ನು ತೆಗೆದುಹಾಕಿ ಗಂಟು ಎಂದೆವು. ಆಟಗಾರ್ತಿ ನಿಜವಾದ ಸೆಣಬಿನ ದಾರದಲ್ಲಿ ಮೂರು ಗಂಟು ಹಾಕಿ ತಂದಿದ್ದಳು. ಮೊದಲ ದಾಳಕ್ಕೆ 7. ಒಂದು ಗಂಟು ಬಿಚ್ಚಿದಳು. ಸೆಣಬು ಬಿಗಿದುಕೊಂಡಿತ್ತು, ಉಗುರು ಹಾಕಿ ಎಳೆಯಬೇಕಾಯಿತು. ಎರಡನೆಯದಕ್ಕೆ 20! ನಿಯಮದ ಪ್ರಕಾರ ಅವನಿಗೆ ಒಂದು ಅಂಕ ಮರಳುತ್ತದೆ. ಹೊರಡಲು ಸಿದ್ಧನಾಗಿದ್ದ ಮುದುಕ ಎದ್ದು ಕುಳಿತ. ನಾವು ನಕ್ಕ ನಗೆಗೆ ದಾಳ ಮೇಜಿನಿಂದ ಕೆಳಗೆ ಉರುಳಿತು. ಆ ಒಂದು ಅಂಕದ ಬಲದ ಮೇಲೆ ಅವನು ತನ್ನ ದೋಣಿಯನ್ನು ಯಾರಿಗೆ ಬಿಡಬೇಕೆಂದು ಹೇಳಿ, ಮತ್ತೆ ಮಲಗಿ, ಬೆಳಗಿನ ಜಾವಕ್ಕೆ ಹೋದ. ಆಗ ದಾಳ ಹಾಕಿಸಲು ನನಗೆ ಮನಸ್ಸಾಗಲಿಲ್ಲ.

ಈ ಪಿಡಿಎಫ್‌ಗೆ ಐದರಲ್ಲಿ ನಾಲ್ಕು ಅಂಕ ಕೊಡುವುದು ಇಲ್ಲಿಂದ ಮುಂದಿನ ಭಾಗಕ್ಕಾಗಿ. ದೇವರ ಪಟ್ಟಿಯಲ್ಲಿ ಸಿಗದ ಧರ್ಮ ಮಂತ್ರಗಳ ಪುಟಗಳಲ್ಲಿ ಸಿಗುತ್ತದೆ. ‘ಜೆಂಟಲ್ ರಿಪೋಸ್’ ಎಂಬ ಎರಡನೆಯ ಹಂತದ ಮಂತ್ರಕ್ಕೆ ಬೇಕಾಗುವುದು ಚಿಟಿಕೆ ಉಪ್ಪು, ಕಣ್ಣುಗಳ ಮೇಲೆ ಒಂದೊಂದು ತಾಮ್ರದ ನಾಣ್ಯ. ನಾಣ್ಯ ಕದಲದಿದ್ದರೆ ದೇಹ ಹತ್ತು ದಿನ ಕೆಡುವುದಿಲ್ಲ, ಪ್ರೇತವಾಗಿ ಏಳುವುದೂ ಇಲ್ಲ. ಇದಕ್ಕಿಂತ ಒಳ್ಳೆಯ ಅಂತ್ಯವಿಧಿಯನ್ನು ನಾನೇ ಕೂತು ಬರೆದರೂ ಬರೆಯಲಾರೆ.

ನಮ್ಮ ಯೋಧನ ಬಳಿ 500 ಚಿನ್ನದ ನಾಣ್ಯ ಬೆಲೆಯ ವಜ್ರವಿತ್ತು. ಅಂಥ ವಜ್ರ ಬೇಡುವ ‘ರೇಸ್ ಡೆಡ್’ ಮಂತ್ರ ಬಲ್ಲವರನ್ನು ಹುಡುಕಿ ಮುದುಕನನ್ನು ಬದುಕಿಸೋಣ ಎಂದು ಹಟ ಹಿಡಿದ. ಪುಟ ತೆರೆದು ತೋರಿಸಿದೆ: ಆತ್ಮಕ್ಕೆ ಮರಳುವ ಮನಸ್ಸಿರಬೇಕು, ಮರಳುವ ಸ್ವಾತಂತ್ರ್ಯವೂ ಇರಬೇಕು. ಸತ್ತವನಿಗೆ ಒಲ್ಲೆ ಎನ್ನುವ ಹಕ್ಕಿದೆ ಎಂದಾಯಿತು. ಇಳಿಹೊತ್ತಮ್ಮನ ಶಾಸ್ತ್ರವೆಲ್ಲ ಆ ಅರ್ಧ ವಾಕ್ಯದಲ್ಲಿದೆ, ಅದನ್ನು ಬರೆದವರಿಗೆ ಅದು ಬರಿಯ ಷರತ್ತಾಗಿದ್ದಿರಬಹುದು. ಯೋಧ ವಜ್ರವನ್ನು ಚೀಲಕ್ಕೆ ಹಾಕಿಕೊಂಡ, ಮುಖ ಮಾತ್ರ ಊದಿಕೊಂಡೇ ಇತ್ತು.

ಹೊಸಬರಿಗೆ ಎಚ್ಚರಿಕೆ: ಮಂತ್ರಗಳು ಅಕಾರಾದಿಯಾಗಿವೆ, ವಿಷಯವಾರು ಅಲ್ಲ. ಸಾವಿಗೆ ಸಂಬಂಧಿಸಿದ್ದನ್ನು ಒಂದೆಡೆ ಕಲೆಹಾಕಲು ನನಗೆ ಎರಡು ಸಂಜೆ ಹಿಡಿಯಿತು. ಆಟ ನಡೆಸುವುದು ಹೇಗೆಂದು ಕಲಿಸುವ ಪುಸ್ತಕವೂ ಇದಲ್ಲ.

ನಮ್ಮ ಪೂಜಾರಿಣಿ ಕೊನೆಗೆ ಸತ್ತವರನ್ನು ಮಾತಾಡಿಸುವ ‘ಸ್ಪೀಕ್ ವಿತ್ ಡೆಡ್’ ಮಂತ್ರ ಹೇಳಿದಳು. ಐದು ಪ್ರಶ್ನೆ ಕೇಳಬಹುದು, ಸತ್ತವನಿಗೆ ಬಾಯಿ ಇರಬೇಕು ಎಂಬುದು ನಿಯಮ. ನಾಲ್ಕು ಕೇಳಿದಳು, ನಾಲ್ಕೂ ದೋಣಿಯ ಬಗ್ಗೆಯೇ. ಐದನೆಯದನ್ನು ಕೇಳುವಷ್ಟರಲ್ಲಿ ಮಂತ್ರದ ಹತ್ತು ನಿಮಿಷ ಮುಗಿದಿತ್ತು. ಅದೇ ಮಂತ್ರ ಅದೇ ದೇಹದ ಮೇಲೆ ಮತ್ತೆ ಫಲಿಸಬೇಕಾದರೆ ಹತ್ತು ದಿನ ಕಾಯಬೇಕು. ಕಣ್ಣ ಮೇಲೆ ನಾಣ್ಯ ಇಟ್ಟಿದ್ದು ಹಿಂದಿನ ದಿನ, ಹಾಗಾಗಿ ಅವುಗಳ ಅವಧಿ ಅದಕ್ಕಿಂತ ಒಂದು ದಿನ ಮೊದಲೇ ಮುಗಿಯುತ್ತದೆ. ಹೊಸದಾಗಿ ಚಿಟಿಕೆ ಉಪ್ಪು ಬೇಕು ಎಂದು ಅವಳು ಹಾಳೆಯ ಅಂಚಿನಲ್ಲಿ ಬರೆದುಕೊಂಡಿದ್ದಾಳೆ.