ವೈಫೈ ಪಾಸ್‌ವರ್ಡ್ ಕೇಳೋಕೆ ಫೋನ್ ಮಾಡಿ 43,499 ರೂಪಾಯಿ ಕಳೆದುಕೊಂಡೆ, ದಯವಿಟ್ಟು ಓದಿ

ಇದನ್ನು ಬರೆಯೋಕೆ ನಾಚಿಕೆ ಆಗುತ್ತಿದೆ. ಮನೆಯವರು, ಬ್ಯಾಂಕು, ಪೊಲೀಸರನ್ನು ಬಿಟ್ಟರೆ ಹತ್ತು ದಿನ ಯಾರಿಗೂ ಹೇಳಿರಲಿಲ್ಲ. ಆದರೆ ಮೊನ್ನೆ ನಮ್ಮ ಬೀದಿಯ ಕೊನೆ ಮನೆಯವರು ಕಟ್ಟೆ ಮೇಲೆ ಕೂತು ಬ್ರಾಡ್‌ಬ್ಯಾಂಡ್ ಕಂಪನಿಯ ನಂಬರ್ ನೆಟ್‌ನಲ್ಲಿ ಹುಡುಕುತ್ತಿದ್ದರು. ಪರದೆ ಮೇಲೆ ನನಗೆ ಮೋಸ ಮಾಡಿದವರ ನಂಬರ್. ಅದೇ! ಅವರ ಕೈಯಿಂದ ಫೋನ್ ಕಿತ್ತುಕೊಂಡೇಬಿಟ್ಟೆ. ಆಮೇಲೆ ಅಲ್ಲೇ ಕೂತು ಎಲ್ಲವನ್ನೂ ಹೇಳಬೇಕಾಯಿತು. ಅವರಿಗೆ ಹೇಳಿದ ಮೇಲೆ ಉಳಿದವರಿಗೂ ಹೇಳೋಣ ಅಂತ ಬರೆಯುತ್ತಿದ್ದೇನೆ.

ಪೂರ್ತಿ ಓದೋಕೆ ಪುರುಸೊತ್ತು ಇಲ್ಲದವರಿಗೆ ಮೊದಲೇ ಹೇಳಿಬಿಡುತ್ತೇನೆ. ವೈಫೈ ಪಾಸ್‌ವರ್ಡ್ ಹೇಳೋಕೆ ಯಾವ ಕಂಪನಿಯೂ ನಿಮ್ಮ ಫೋನಿನ ಸ್ಕ್ರೀನ್ ನೋಡಬೇಕಾಗಿಲ್ಲ. ಎಟಿಎಂ ಕಾರ್ಡ್ ನಂಬರ್ ಬೇಕಾಗಿಲ್ಲ. ಕೇಳಿದರೆ ಮಾತಾಡಬೇಡಿ, ಫೋನ್ ಇಟ್ಟುಬಿಡಿ.

ನಾವು ಶಿವಮೊಗ್ಗದವರು. ಮನೆಗೆ ಫೈಬರ್ ಲೈನ್ ಹಾಕಿಸಿ ಮೂರು ವರ್ಷ ಆಯಿತು. ಅವತ್ತು ಶನಿವಾರ ಸಂಜೆ ತಂಗಿ ಮಗ ಬಂದಿದ್ದ. ಮರುದಿನ ಬೆಳಿಗ್ಗೆ 9 ಗಂಟೆಗೆ ಅವನಿಗೆ ಸಿಇಟಿ ಮಾಕ್ ಟೆಸ್ಟ್, ಆನ್‌ಲೈನ್‌ನಲ್ಲಿ. ಲ್ಯಾಪ್‌ಟಾಪ್ ತಂದಿದ್ದ. "ಮಾಮ, ವೈಫೈ ಪಾಸ್‌ವರ್ಡ್ ಹೇಳಿ" ಅಂದ. ನನಗೆ ಗೊತ್ತಿಲ್ಲ. ಹೆಂಡತಿಗೂ ಗೊತ್ತಿಲ್ಲ. ಲೈನ್ ಹಾಕಿದ ಹುಡುಗ ಅವತ್ತು ಏನೋ ಹಾಕಿಕೊಟ್ಟ, ನಮ್ಮ ಫೋನುಗಳಿಗೆ ಅವನೇ ಕನೆಕ್ಟ್ ಮಾಡಿದ, ಟಿವಿಗೂ ಮಾಡಿದ, ಹೋದ. ಎಲ್ಲರ ಮನೆಯಲ್ಲೂ ಹೀಗೇ ಅಲ್ವಾ? ಯಾರು ಬರೆದಿಟ್ಟುಕೊಳ್ಳುತ್ತಾರೆ.

ಪಕ್ಕದ ಮನೆಯವರು ಬಂದು, ರೂಟರ್ ಅಂದರೆ ವೈಫೈ ಡಬ್ಬಿಯ ಹಿಂದೆ ಒಂದು ಸಣ್ಣ ತೂತು ಇರುತ್ತೆ, ಪಿನ್ನು ಹಾಕಿ ಹತ್ತು ಸೆಕೆಂಡ್ ಒತ್ತಿ ಹಿಡಿಯಿರಿ, ಎಲ್ಲ ಹೊಸದಾಗುತ್ತೆ ಅಂದರು. ಒಳ್ಳೆ ಮನಸ್ಸಿಂದಲೇ ಹೇಳಿದರು, ಅವರ ತಪ್ಪಲ್ಲ. ಸೇಫ್ಟಿ ಪಿನ್ ತಂದು ಒತ್ತಿದೆ. ಲೈಟ್ ಎಲ್ಲ ಆರಿತು, ಮತ್ತೆ ಹತ್ತಿತು. ವೈಫೈ ಹೆಸರು ಬದಲಾಯಿತು. ಅಷ್ಟೇ ಅಲ್ಲ, ಇಂಟರ್ನೆಟ್ಟೇ ಹೋಯಿತು.

ಯಾಕೆ ಹೋಯಿತು ಅಂತ ಆಮೇಲೆ ಗೊತ್ತಾಯಿತು, ಇದು ನಿಮಗೂ ಗೊತ್ತಿರಲಿ. ಆ ತೂತು ಒತ್ತಿದರೆ ವೈಫೈ ಪಾಸ್‌ವರ್ಡ್ ಒಂದೇ ಅಳಿಸುವುದಿಲ್ಲ, ರೂಟರ್ ಒಳಗೆ ಇರೋದೆಲ್ಲ ಅಳಿಸಿಹೋಗುತ್ತೆ. ಕಂಪನಿ ಕೊಟ್ಟ ಪಿಪಿಪಿಒಇ ಯೂಸರ್‌ನೇಮ್, ಪಾಸ್‌ವರ್ಡ್ ಅಂತ ಬೇರೆ ಒಂದು ಇರುತ್ತೆ, ಲೈನ್ ಹಾಕುವಾಗ ಹುಡುಗರು ಟೈಪ್ ಮಾಡಿರುತ್ತಾರೆ. ಅದು ಇಲ್ಲದಿದ್ದರೆ ಫೈಬರ್ ಸರಿ ಇದ್ದರೂ ನೆಟ್ ಬರುವುದಿಲ್ಲ. ಕೆಲವು ಕಂಪನಿಗಳಲ್ಲಿ ಅದು ತಾನಾಗೇ ವಾಪಸ್ ಬರುತ್ತಂತೆ. ನಮ್ಮದರಲ್ಲಿ ಬರಲಿಲ್ಲ. ಎಲ್‌ಒಎಸ್ ಅನ್ನೋ ಲೈಟ್ ಕೆಂಪಾಗಿದ್ದರೆ ಫೈಬರ್‌ನಲ್ಲಿ ಸಿಗ್ನಲ್ ಬರುತ್ತಿಲ್ಲ, ವೈರ್ ತುಂಡಾಗಿರಬಹುದು ಅಂತ ಅರ್ಥ, ನಮ್ಮದರಲ್ಲಿ ಅದೂ ಇರಲಿಲ್ಲ. ಬರೀ ಇಂಟರ್ನೆಟ್ ಲೈಟ್ ಹತ್ತುತ್ತಿರಲಿಲ್ಲ.

ಲೈನ್ ಹಾಕಿದ ಹುಡುಗನಿಗೆ ಫೋನ್ ಮಾಡಿದೆ. ಸ್ವಿಚ್ ಆಫ್. ಗಂಟೆ ಏಳೂವರೆ ಆಗಿತ್ತು. ತಂಗಿ ಮಗ ಮುಖ ಸಪ್ಪೆ ಮಾಡಿಕೊಂಡು ಕೂತಿದ್ದ. ಆ ಗಡಿಬಿಡಿಯಲ್ಲಿ ಕಂಪನಿ ಹೆಸರು, ಕಸ್ಟಮರ್ ಕೇರ್, ಶಿವಮೊಗ್ಗ ಅಂತ ಟೈಪ್ ಮಾಡಿ ಹುಡುಕಿದೆ. ಮೊದಲನೇದೇ ಒಂದು ನಂಬರ್ ಬಂತು. ಕಂಪನಿಯ ಗುರುತು ಇತ್ತು, ಆಫೀಸ್ ವಿಳಾಸ ಇತ್ತು. ಹತ್ತು ಅಂಕಿಯ ಮೊಬೈಲ್ ನಂಬರ್. ಇಷ್ಟು ದೊಡ್ಡ ಕಂಪನಿಗೆ ಮೊಬೈಲ್ ನಂಬರ್ ಯಾಕೆ ಅಂತ ಆಗ ನನಗೆ ಅನ್ನಿಸಲೇ ಇಲ್ಲ.

ಮಾಡಿದೆ. ಒಂದು ರಿಂಗ್ ಆಗಿ ಕಟ್ ಆಯಿತು. ಒಂದೇ ನಿಮಿಷಕ್ಕೆ ಅವರೇ ವಾಪಸ್ ಮಾಡಿದರು. ಮೊದಲು ಹಿಂದಿ, ನಾನು ಕನ್ನಡದಲ್ಲಿ ಮಾತಾಡಿದ ಕೂಡಲೇ ಇನ್ನೊಬ್ಬ ಬಂದ. ಚೆನ್ನಾದ ಕನ್ನಡ. ತುಂಬಾ ಮರ್ಯಾದೆ. "ಹೇಳಿ ಸಾರ್, ನಿಮ್ಮ ಹೆಸರು ಸಾರ್, ಎಷ್ಟು ವರ್ಷದಿಂದ ನಮ್ಮ ಕಸ್ಟಮರ್ ಸಾರ್." ನಾನು ನಡೆದದ್ದೆಲ್ಲ ಹೇಳಿದೆ. ಪಿನ್ನು ಒತ್ತಿದ್ದು, ಹುಡುಗನ ಪರೀಕ್ಷೆ, ಎಲ್ಲಾ. ಈಗ ಯೋಚನೆ ಮಾಡಿದರೆ, ಅವನಿಗೆ ಬೇಕಾದ್ದನ್ನೆಲ್ಲ ನಾನೇ ಕೊಟ್ಟೆ.

"ಅಯ್ಯೋ ಸಾರ್, ರಿಸೆಟ್ ಮಾಡಿಬಿಟ್ರಾ? ನಿಮ್ಮ ಐಪಿ ಲಾಕ್ ಆಗಿದೆ ಸಾರ್. ಇಲ್ಲಿಂದಲೇ ಓಪನ್ ಮಾಡಬಹುದು, ಐದು ನಿಮಿಷ. ಒಂದು ಹತ್ತು ರೂಪಾಯಿ ಟೋಕನ್ ಕಟ್ಟಬೇಕು ಅಷ್ಟೇ, ಅದೂ ಮುಂದಿನ ಬಿಲ್‌ನಲ್ಲಿ ಕಳೆಯುತ್ತೆ."

ಹತ್ತು ರೂಪಾಯಿ. ಸಾವಿರ ಅಂದಿದ್ದರೆ ನಾನು ಒಪ್ಪುತ್ತಿರಲಿಲ್ಲ. ನೂರು ಅಂದಿದ್ದರೂ ಯೋಚನೆ ಮಾಡುತ್ತಿದ್ದೆ. ಹತ್ತು ರೂಪಾಯಿಗೆ ಯಾರು ಮೋಸ ಮಾಡುತ್ತಾರೆ ಅಂತ ಅಂದುಕೊಂಡೆ.

ಒಂದು ಆ್ಯಪ್ ಹಾಕಿಕೊಳ್ಳಿ, ನಿಮ್ಮ ಫೋನಿಂದ ರೂಟರ್ ನೋಡಬೇಕು ಅಂದ. ಹಾಕಿಕೊಂಡೆ. ಒಂಬತ್ತು ಅಂಕಿ ಬರುತ್ತೆ, ಹೇಳಿ ಅಂದ. ಹೇಳಿದೆ. ಅನುಮತಿ ಕೇಳುತ್ತೆ, ಓಕೆ ಕೊಡಿ ಅಂದ. ಕೊಟ್ಟೆ. ಈ ಜಾಗದಲ್ಲೇ ಎಲ್ಲಾ ಮುಗಿದಿತ್ತು, ನನಗೆ ಗೊತ್ತಾಗಲಿಲ್ಲ. ಆ ಅಂಕಿ ಹೇಳಿ ಓಕೆ ಒತ್ತಿದ ಮೇಲೆ ನನ್ನ ಫೋನಿನಲ್ಲಿ ನಾನು ನೋಡೋದನ್ನೆಲ್ಲ ಅವನೂ ಅಲ್ಲಿ ಕೂತು ನೋಡುತ್ತಿದ್ದ. ನಿಜವಾದ ಕಂಪನಿಯವರಿಗೆ ನನ್ನ ಫೋನ್ ಯಾಕೆ ಬೇಕು? ಲೈನ್ ಇದೆಯೋ ಇಲ್ಲವೋ ಅನ್ನೋದು ಅವರಿಗೆ ಆಫೀಸಿನಲ್ಲೇ ಕಾಣುತ್ತೆ.

ಆಮೇಲೆ ಒಂದು ಲಿಂಕ್ ಕಳಿಸಿದ. ಕಂಪನಿಯ ಬಣ್ಣ, ಕಂಪನಿಯ ಹೆಸರು, ಕೆಳಗೆ 10 ರೂಪಾಯಿ ಅಂತ ದೊಡ್ಡದಾಗಿ. ಹೆಸರು, ಕಾರ್ಡ್ ನಂಬರ್, ಹಿಂದಿನ ಮೂರು ಅಂಕಿ. ಹೆಂಡತಿ ಅಡುಗೆಮನೆಯಿಂದ "ರೀ, ಕಾರ್ಡ್ ನಂಬರ್ ಯಾಕ್ರೀ ಕೊಡ್ತೀರಾ?" ಅಂತ ಕೂಗಿದಳು. "ನೀನು ಸುಮ್ನಿರು" ಅಂದೆ. ಆ ಮಾತು ಈಗಲೂ ನನ್ನನ್ನು ಚುಚ್ಚುತ್ತೆ.

"ಸಾರ್, ಈಗ ಸ್ಕ್ರೀನ್ ಮುಟ್ಟಬೇಡಿ. ಮೆಸೇಜ್ ಬಂದರೆ ಓಪನ್ ಮಾಡಬೇಡಿ, ಅದು ತಾನಾಗೇ ತಗೊಳ್ಳುತ್ತೆ." ನಾನು ಮುಟ್ಟಲಿಲ್ಲ. ಮೇಲೆ ಒಂದು ಮೆಸೇಜ್ ಬಂತು, ಹೋಯಿತು. ಒಟಿಪಿ. ಅದರಲ್ಲಿ 24,999 ಅಂತ ಇತ್ತು, ಕಣ್ಣಿಗೆ ಬಿತ್ತು, ಆದರೆ ಅದು ಏನು ಅಂತ ತಲೆಗೆ ಹೋಗಲಿಲ್ಲ. ಇನ್ನೊಂದು ಬಂತು. ನಾನು ಕೇಳಿದೆ, "ಏನ್ ಸಾರ್ ಇದು, 24,999 ಅಂತಿದೆಯಲ್ಲ?" ಅವನು ಒಂದು ಕ್ಷಣವೂ ತಡವರಿಸಲಿಲ್ಲ. "ಅದು ನಿಮ್ಮ ಕಸ್ಟಮರ್ ಐಡಿ ಸಾರ್."

ಕಸ್ಟಮರ್ ಐಡಿ! ನಾನು ನಂಬಿದೆ.

ಎರಡು ನಿಮಿಷಕ್ಕೆ ಬ್ಯಾಂಕಿನ ಮೆಸೇಜ್. 24,999 ಕಡಿತ. ಹಿಂದೆಯೇ 18,500 ಕಡಿತ. ಕೈ ತಣ್ಣಗಾಯಿತು. ಕೂಗಾಡಿದೆ. ಅವನು ಮಾತ್ರ ಅಷ್ಟೇ ಮರ್ಯಾದೆಯಲ್ಲಿ, "ಗಾಬರಿ ಆಗಬೇಡಿ ಸಾರ್, ಸರ್ವರ್ ತಪ್ಪಿನಿಂದ ಕಟ್ ಆಗಿದೆ, ಈಗಲೇ ರೀಫಂಡ್ ಹಾಕ್ತೀನಿ. ಬೇರೆ ಬ್ಯಾಂಕಿನ ಕಾರ್ಡ್ ಇದ್ದರೆ ಅದಕ್ಕೆ ಹಾಕೋದು ಸುಲಭ, ಇದೆಯಾ ಸಾರ್?" ಅಂದ. ಇಷ್ಟಾದ ಮೇಲೂ ಇನ್ನೊಂದು ಕಾರ್ಡ್ ಕೇಳುತ್ತಿದ್ದಾನೆ. ನಾನು ಪೊಲೀಸ್ ಹತ್ತಿರ ಹೋಗ್ತೀನಿ ಅಂದೆ. ಅದಕ್ಕೆ ಅವನು ಹೇಳಿದ್ದು, "ಹಾಗಾದ್ರೆ ನಿಮಗೆ ವೈಫೈ ಬೇಡ್ವಾ ಸಾರ್?"

ಹೆಂಡತಿ ಬಂದು ಫೋನ್ ಕಿತ್ತುಕೊಂಡು ಆಫ್ ಮಾಡಿದಳು. ಅವಳು ಹಾಗೆ ಮಾಡದಿದ್ದರೆ ಇನ್ನೂ ಎಷ್ಟು ಹೋಗುತ್ತಿತ್ತೋ.

ಅವಳ ಫೋನಿಂದ 1930ಕ್ಕೆ ಮಾಡಿದೆವು. ಇದು ಸೈಬರ್ ವಂಚನೆಗೆ ಇರೋ ಸರ್ಕಾರದ ನಂಬರ್, ಎಲ್ಲರೂ ಫೋನಿನಲ್ಲಿ ಸೇವ್ ಮಾಡಿಟ್ಟುಕೊಳ್ಳಿ. ಲೈನ್ ಸಿಗೋಕೆ ಸ್ವಲ್ಪ ಹೊತ್ತಾಯಿತು, ಸಿಕ್ಕ ಮೇಲೆ ಚೆನ್ನಾಗಿ ಕೇಳಿಸಿಕೊಂಡರು. ಬ್ಯಾಂಕಿಗೆ ಮಾಡಿ ಕಾರ್ಡ್ ಬ್ಲಾಕ್ ಮಾಡಿಸಿದೆವು. ಬೇಗ ಹೇಳಿದ್ದಕ್ಕೆ 18,500 ಮಾತ್ರ ಮುಂದೆ ಹೋಗದ ಹಾಗೆ ತಡೆದಿದ್ದಾರೆ, ಇನ್ನೂ ಕೈಗೆ ಬಂದಿಲ್ಲ. 24,999 ಹೋಯಿತು. ಸೋಮವಾರ ಸೈಬರ್ ಅಪರಾಧ ನೋಡಿಕೊಳ್ಳೋ ಸಿಇಎನ್ ಪೊಲೀಸ್ ಠಾಣೆಗೆ ಹೋಗಿ ದೂರು ಕೊಟ್ಟೆ.

ಬ್ಯಾಂಕಿನಲ್ಲಿ ಮ್ಯಾನೇಜರ್ ಹೇಳಿದ್ದು ಕೇಳಿ ಇನ್ನೂ ಸಿಟ್ಟು ಬಂತು. ಆದರೆ ನಿಯಮ ಹಾಗೇ ಇದೆ. 2017ರ ಜುಲೈನಲ್ಲಿ ಆರ್‌ಬಿಐ ಹೊರಡಿಸಿದ ಸುತ್ತೋಲೆ ಪ್ರಕಾರ, ನಮ್ಮದೂ ಬ್ಯಾಂಕಿನದೂ ತಪ್ಪಿಲ್ಲದೆ ದುಡ್ಡು ಹೋಗಿ, ಮೂರು ಕೆಲಸದ ದಿನದೊಳಗೆ ತಿಳಿಸಿದರೆ ನಷ್ಟ ನಮ್ಮ ಮೇಲೆ ಬರುವುದಿಲ್ಲ. ಆದರೆ ಕಾರ್ಡ್ ವಿವರ ನಾವೇ ಕೊಟ್ಟಿದ್ದರೆ, ಬ್ಯಾಂಕಿಗೆ ತಿಳಿಸುವವರೆಗೆ ಹೋಗಿದ್ದೆಲ್ಲ ನಮ್ಮದೇ. "ನೀವೇ ಟೈಪ್ ಮಾಡಿದ್ದೀರಲ್ಲ ಸಾರ್" ಅಂದರು. ಹೌದು, ನಾನೇ ಟೈಪ್ ಮಾಡಿದ್ದು. ಏನು ಹೇಳಲಿ?

ಈಗ ಎಲ್ಲಕ್ಕಿಂತ ಹೊಟ್ಟೆ ಉರಿಯೋ ಸಂಗತಿ. ಶನಿವಾರ ರಾತ್ರಿಯೇ ಬೆಂಗಳೂರಿನಲ್ಲಿರೋ ಮಗಳಿಗೆ ಹೇಳಿದೆವು. ಮೊದಲೇ ಅವಳಿಗೆ ಫೋನ್ ಮಾಡಬಹುದಿತ್ತು, ಇಷ್ಟು ಸಣ್ಣ ವಿಷಯಕ್ಕೆ ಯಾಕೆ ತೊಂದರೆ ಕೊಡೋದು ಅಂತ ಮಾಡಿರಲಿಲ್ಲ. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ "ಅಪ್ಪ, ನಮ್ಮನೆ ವೈಫೈ ನನ್ನ ಫೋನಲ್ಲಿ ಸೇವ್ ಆಗಿದೆ. ಸೆಟ್ಟಿಂಗ್ಸ್‌ನಲ್ಲಿ ಶೇರ್ ಒತ್ತಿದರೆ ಕ್ಯುಆರ್ ಬರುತ್ತೆ, ಅದರ ಕೆಳಗೆ ಪಾಸ್‌ವರ್ಡ್ ಬರೆದಿರುತ್ತೆ. ಇಲ್ಲೇ ಕಾಣ್ತಿದೆ" ಅಂದಳು. ಏನು ಅಂತ ಕೇಳಿದೆ.

"ನಿನ್ನ ಮೊಬೈಲ್ ನಂಬರ್, ಅಪ್ಪ."

ನನ್ನ ಮೊಬೈಲ್ ನಂಬರ್. ದಿನಕ್ಕೆ ನಾಲ್ಕು ಸಲ ಯಾರಿಗಾದರೂ ಹೇಳೋ ಹತ್ತು ಅಂಕಿ. ಲೈನ್ ಹಾಕಿದ ಹುಡುಗ ಸುಲಭ ಅಂತ ಅದನ್ನೇ ಹಾಕಿ ಹೋಗಿದ್ದ. ಅವತ್ತು ರಾತ್ರಿ ನಿದ್ದೆ ಬರಲಿಲ್ಲ. ಆಂಡ್ರಾಯ್ಡ್ 10ರ ನಂತರದ ಫೋನ್ ಇದ್ದರೆ ಸಾಮಾನ್ಯವಾಗಿ ಈ ಶೇರ್ ಇರುತ್ತೆ. ಐಫೋನ್‌ನಲ್ಲಿ ಐಒಎಸ್ 16ರಿಂದ ವೈಫೈ ಸೆಟ್ಟಿಂಗ್ಸ್‌ನಲ್ಲೇ ಪಾಸ್‌ವರ್ಡ್ ನೋಡಬಹುದು. ನನ್ನ ಜೇಬಿನಲ್ಲೇ ಇತ್ತು. ಇಡೀ ಹೊತ್ತು ನನ್ನ ಜೇಬಿನಲ್ಲೇ ಇತ್ತು.

ತಂಗಿ ಮಗ ಬೆಳಿಗ್ಗೆ ನನ್ನ ಹೆಂಡತಿಯ ಫೋನಿನ ಹಾಟ್‌ಸ್ಪಾಟ್ ಹಾಕಿಕೊಂಡು, ತಾರಸಿ ಮೆಟ್ಟಿಲ ಮೇಲೆ ಕೂತು ಟೆಸ್ಟ್ ಬರೆದ. ಅದೂ ಹಿಂದಿನ ದಿನ ನಮಗೆ ಹೊಳೆಯಲಿಲ್ಲ.

ಸೋಮವಾರ ಹಳೇ ಬಿಲ್ ತೆಗೆದು, ಅದರ ಮೇಲಿದ್ದ ನಂಬರಿಗೆ ಮಾಡಿದೆ. ಮಧ್ಯಾಹ್ನ ನಿಜವಾದ ಹುಡುಗ ಬಂದ. ಹತ್ತು ನಿಮಿಷದ ಕೆಲಸ. ಒಂದು ರೂಪಾಯಿ ತಗೊಳ್ಳಲಿಲ್ಲ. ಕಾಫಿ ಕುಡಿದು ಹೋದ. ಅವನು ರೂಟರ್ ತಿರುಗಿಸಿ ತೋರಿಸಿದ, ಕೆಳಗೆ ಚೀಟಿ ಅಂಟಿಸಿದೆ, ಅದರಲ್ಲೇ ವೈಫೈ ಹೆಸರು, ಪಾಸ್‌ವರ್ಡ್ ಎರಡೂ ಅಚ್ಚಾಗಿದೆ. ರಿಸೆಟ್ ಮಾಡಿದ ಮೇಲೆ ಅದೇ ಪಾಸ್‌ವರ್ಡ್. ಮೂರು ವರ್ಷ ಆ ಡಬ್ಬಿಯ ಧೂಳು ಒರೆಸಿದ್ದೇವೆ, ಒಂದು ಸಲ ತಿರುಗಿಸಿ ನೋಡಿಲ್ಲ.

ಅವನ ಹತ್ತಿರ ಕೂತು ಎಲ್ಲ ಸರಿ ಮಾಡಿಸಿಕೊಂಡೆ, ಈ ಸಲ ನಾನೇ ಒತ್ತಿದೆ, ಅವನು ಹೇಳಿದ. ಬ್ರೌಸರಿನಲ್ಲಿ 192.168.1.1 ಅಂತ ಹಾಕಿದರೆ ರೂಟರಿನ ಪೇಜ್ ಬರುತ್ತೆ, ಕೆಲವು ರೂಟರಿಗೆ ಬೇರೆ ಇರುತ್ತೆ, ಅದೂ ಚೀಟಿಯಲ್ಲೇ ಇರುತ್ತೆ. ಆ ಪೇಜಿಗೆ ಒಳಗೆ ಹೋಗೋಕೆ ವೈಫೈದಲ್ಲದ ಇನ್ನೊಂದು ಪಾಸ್‌ವರ್ಡ್ ಇದೆ. ನಮ್ಮದರಲ್ಲಿ ಅದು ಅಡ್ಮಿನ್, ಅಡ್ಮಿನ್ ಅಂತಲೇ ಇತ್ತು. ಊರಿಗೆಲ್ಲ ಗೊತ್ತಿರೋ ಪಾಸ್‌ವರ್ಡ್! ಮೊದಲು ಅದನ್ನು ಬದಲಾಯಿಸಿದೆವು. ಆಮೇಲೆ ವೈಫೈಗೆ ಡಬ್ಲ್ಯುಪಿಎ2 ಅನ್ನೋ ಭದ್ರತೆ ಹಾಕಿ ಉದ್ದದ ಪಾಸ್‌ವರ್ಡ್ ಕೊಟ್ಟೆವು, ಸಂಬಂಧ ಇಲ್ಲದ ನಾಲ್ಕು ಪದ ಸೇರಿಸಿ. ಡಬ್ಲ್ಯುಪಿಎ3 ಇದ್ದರೆ ಇನ್ನೂ ಒಳ್ಳೆಯದಂತೆ, ನಮ್ಮ ಹಳೇ ಟಿವಿಗೆ ಅದು ಹಿಡಿಯಲಿಲ್ಲ. ಪಾಸ್‌ವರ್ಡ್ ಹಾಕದೆ ಬಟನ್ ಅಥವಾ ಪಿನ್‌ನಿಂದ ವೈಫೈಗೆ ಸೇರಿಸೋ ಡಬ್ಲ್ಯುಪಿಎಸ್ ಅನ್ನೋದನ್ನು ಆಫ್ ಮಾಡಿದೆವು, ಹೊರಗಿನಿಂದ ರೂಟರ್ ತೆರೆಯೋ ರಿಮೋಟ್ ಸೌಲಭ್ಯವನ್ನೂ ಆಫ್ ಮಾಡಿದೆವು. ಮನೆಗೆ ಬಂದವರಿಗೆ ಅಂತ ಬೇರೆ ಗೆಸ್ಟ್ ವೈಫೈ ಮಾಡಿಕೊಟ್ಟ. ಪಿಪಿಪಿಒಇ ಯೂಸರ್‌ನೇಮ್, ಪಾಸ್‌ವರ್ಡ್ ಕೇಳಿ ಬರೆಸಿಕೊಂಡೆ, ಕೊಟ್ಟ. ಇವೆಲ್ಲ ಒಂದು ಹಾಳೆಯಲ್ಲಿ ಬರೆದು ಗೋದ್ರೇಜ್ ಬೀರುವಿನಲ್ಲಿ, ಗ್ಯಾಸ್ ಪುಸ್ತಕದ ಜೊತೆ ಇಟ್ಟಿದ್ದೇವೆ. ಕಾಗದದ ಮೇಲೆ ಬರೆಯಬಾರದು ಅಂತ ಯಾರಾದರೂ ಹೇಳಿದರೆ ನಾನು ಒಪ್ಪುವುದಿಲ್ಲ. ಬೀರುವಿನಲ್ಲಿ ಒಂದು ಹಾಳೆ ಇದ್ದಿದ್ದರೆ ನನಗೆ ಇದು ಆಗುತ್ತಿರಲಿಲ್ಲ.

ಆ ಸ್ಕ್ರೀನ್ ನೋಡೋ ಆ್ಯಪ್ ತೆಗೆದುಹಾಕಿದೆ. ಮಗಳು ಹೇಳಿದಳು ಅಂತ ಬ್ಯಾಂಕಿನ, ಮೇಲ್‌ನ ಪಾಸ್‌ವರ್ಡ್‌ಗಳನ್ನೂ ಬೇರೆ ಫೋನಿಂದ ಬದಲಾಯಿಸಿದೆ.

ನಿಮ್ಮ ಅಪ್ಪ ಅಮ್ಮ ಇಬ್ಬರೇ ಮನೆಯಲ್ಲಿದ್ದರೆ ದಯವಿಟ್ಟು ಇವತ್ತೇ ಫೋನ್ ಮಾಡಿ, ರೂಟರ್ ತಿರುಗಿಸಿ ಆ ಚೀಟಿಯ ಫೋಟೋ ತೆಗೆಸಿಕೊಳ್ಳಿ. ಕಂಪನಿ ನಂಬರನ್ನು ಬಿಲ್ ನೋಡಿ ಅವರ ಫೋನಿಗೆ ಹಾಕಿಕೊಡಿ. ನೆಟ್‌ನಲ್ಲಿ ಹುಡುಕೋಕೆ ಬಿಡಬೇಡಿ. ಮೊದಲನೇದಾಗಿ ಬಂತು ಅಂದ ಮಾತ್ರಕ್ಕೆ ಅದು ಕಂಪನಿ ನಂಬರ್ ಅಲ್ಲ, ಯಾರು ಬೇಕಾದರೂ ಹಾಕಬಹುದು, ಯಾರು ಬೇಕಾದರೂ!

ನಿನ್ನೆ ರಾತ್ರಿ ಮತ್ತೆ ಹುಡುಕಿ ನೋಡಿದೆ. ಆ ನಂಬರ್ ಇನ್ನೂ ಅಲ್ಲೇ ಇದೆ. ನಾನು ಮೂರು ಸಲ ರಿಪೋರ್ಟ್ ಮಾಡಿದ್ದೇನೆ, ಮಗಳು ಮಾಡಿದ್ದಾಳೆ, ಕೊನೆ ಮನೆಯವರೂ ಮಾಡಿದ್ದಾರೆ. ಹತ್ತಾರು ಜನ ಮಾಡಿದರೆ ತೆಗೆಯುತ್ತಾರೇನೋ. ನಿಮ್ಮ ಊರಿನ ಹೆಸರು ಹಾಕಿ ನೀವೂ ಒಂದು ಸಲ ಹುಡುಕಿ, ಬಿಲ್‌ನಲ್ಲಿರೋ ನಂಬರಿಗೆ ಹೋಲಿಸಿ ನೋಡಿ, ಬೇರೆ ಇದ್ದರೆ ರಿಪೋರ್ಟ್ ಮಾಡಿ.